ಕತ್ತರಿ ಹಿಡಿದವನ ಹೆಸರೇನು?

2001ರ ಸುಮಾರಿಗೆ ಗೋಕಾಕದ ಬಸ್ ಸ್ಟ್ಯಾಂಡಿನ ಹತ್ತಿರದ ಗೋಡೆಯ ಮೇಲೆ ಶಕೀಲಾಳ ಪೋಸ್ಟರುಗಳು ಇರುತ್ತಿದ್ದವು. ಮೂಡಲಗಿಯ ಬಸ್ಸಿಗೆ ಕಾಯುವ ನಾವು ನಾಲ್ಕೈದು ಜನ ಶಿಕ್ಷಕಿಯರು ಅವಕ್ಕೆ ಬೆನ್ನು ಮಾಡಿ ನಿಲ್ಲುತ್ತಿದ್ದೆವು. ‘ಹೆಣ್ಣು ಕುಲಕ್ಕೇ ಕಳಂಕ’ ಎಂದು ಎಲ್ಲರಿಗಿಂತ ಮೊದಲು ಬೈದವಳು ನಾನೇ. ಆ ಮಾತನ್ನು ಇಂದು ಹಿಂದೆ ತೆಗೆದುಕೊಳ್ಳುತ್ತೇನೆ.

ಹುಕ್ಕೇರಿಯಲ್ಲಿ ನನ್ನ ತವರುಮನೆಯ ಬಾಜೂಕಿನ ಕಾಕಾ ಟಾಕೀಜಿನಲ್ಲಿ ಆಪರೇಟರ್ ಆಗಿದ್ದವರು. ಒಮ್ಮೆ ಚಹಾ ಕುಡಿಯುತ್ತ ಹೇಳಿದರು: “ಮಾರಿ ಒಬ್ಬಾಕಿದು, ಮೈ ಇನ್ನೊಬ್ಬಾಕಿದು. ಜೋಡಸಾಂವ ಬ್ಯಾರೇನ ಇರ್ತಾನವಾ.”

ಆ ಜೋಡಿಸುವವನೇ ಎಡಿಟರ್. 35 ಮಿ.ಮೀ. ಫಿಲ್ಮಿನಲ್ಲಿ ತೊಂಬತ್ತು ಅಡಿಗೆ ಒಂದು ನಿಮಿಷದ ಚಿತ್ರ. ನಾಯಕಿ ಕಣ್ಣು ಮುಚ್ಚಿದ ಎರಡು ಸೆಕೆಂಡಿನ ತುಂಡು, ಅದರ ಬೆನ್ನಿಗೆ ಬೇರೊಬ್ಬಳ ಮೈ, ಮತ್ತೆ ನಾಯಕಿಯ ಮುಖ. ನೋಡುವವನ ಮನಸ್ಸು ಮೂರನ್ನೂ ಒಬ್ಬಳಿಗೇ ಕಟ್ಟುತ್ತದೆ. ಮಕ್ಕಳಿಗೆ ಸಂಧಿ ಕಲಿಸುವಾಗ ಲೋಪ, ಆಗಮ, ಆದೇಶ ಎನ್ನುತ್ತೇವಲ್ಲ, ಆ ಮೂರೂ ಇಲ್ಲಿವೆ. ಸೆನ್ಸಾರಿನವರು ಮಾಡಿದ್ದು ಲೋಪ. ಪ್ರಮಾಣಪತ್ರ ಬಂದ ಮೇಲೆ ‘ಬಿಟ್’ ಸೇರಿಸುವುದು ಆಗಮ. ಒಬ್ಬಳ ಜಾಗದಲ್ಲಿ ಇನ್ನೊಬ್ಬಳು, ಆದೇಶ. ಪ್ರಮಾಣಪತ್ರದ ನಂತರ ಹೀಗೆ ಸೇರಿಸಿ ತೋರಿಸಿದರೆ 1952ರ ಸಿನಿಮಾಟೋಗ್ರಾಫ್ ಕಾಯ್ದೆಯ 7ನೇ ಕಲಮಿನಡಿ ಮೂರು ವರ್ಷದವರೆಗೆ ಜೈಲಿದೆ. ಜೈಲಿನ ಮಾತಿರಲಿ, ಅಂಥ ಒಬ್ಬ ಎಡಿಟರನ ಹೆಸರನ್ನಾದರೂ ನೀವು ಕೇಳಿದ್ದೀರಾ?

ಶಕೀಲಾ 1995ರಲ್ಲಿ ತಮಿಳಿನ ‘ಪ್ಲೇಗರ್ಲ್ಸ್’ ಚಿತ್ರದಿಂದ ಬಂದವರು. 2000ದ ಮಲಯಾಳಂ ‘ಕಿನ್ನಾರತುಂಬಿಕಳ್’ ಅವರ ಹೆಸರನ್ನು ಊರೂರಿಗೆ ಒಯ್ದಿತು. ತಮ್ಮ ಮುಖಕ್ಕೆ ಬೇರೆಯವರ ದೇಹ ಜೋಡಿಸುತ್ತಿದ್ದರೆಂದು ಮುಂದೆ ಅವರೇ ಹೇಳಿಕೊಂಡರು. 2020ರಲ್ಲಿ ನಮ್ಮ ಇಂದ್ರಜಿತ್ ಲಂಕೇಶ್ ಅವರ ಬದುಕನ್ನು ಹಿಂದಿ ಸಿನಿಮಾ ಮಾಡಿದರು. ಕತ್ತರಿ ಹಿಡಿದವನ ಬದುಕನ್ನು ಯಾರು ಸಿನಿಮಾ ಮಾಡುತ್ತಾರೆ? ಬೆಳಿಗ್ಗೆ ಭಕ್ತಿಚಿತ್ರ, ಮಧ್ಯಾಹ್ನ ಹೊಡೆದಾಟ, ರಾತ್ರಿ ಇದು. ಎಲ್ಲದಕ್ಕೂ ಒಗ್ಗುವ ಕೈ ಎಂದು ಅವನ ಲೋಕದಲ್ಲಿ ಅವನಿಗೆ ಮೆಚ್ಚುಗೆಯೇ ಸಿಗುತ್ತದೆ.

ಅವನದೂ ಹೊಟ್ಟೆಪಾಡು ಎನ್ನುವಿರಿ. ಇರಬಹುದು, ಅಕ್ಕಂದಿರೇ. ಆಕೆಯದು ಮತ್ತೇನು? ಮನೆಮಂದಿಗೆಲ್ಲ ದುಡಿದು ಹಾಕಿದವಳ ಹೊಟ್ಟೆಗೆ ಮಾತ್ರ ಮಾನದ ಲೆಕ್ಕ ಯಾಕೆ?

ಇಷ್ಟು ಸಿಟ್ಟು ಬರಲು ಕಾರಣ ನನ್ನ ತರಗತಿಯಲ್ಲೇ ಇದ್ದಳು. ಒಂಬತ್ತನೆಯ ಇಯತ್ತೆ, ತುಸು ಮೈತುಂಬಿದ ಹುಡುಗಿ. ಹಿಂದಿನ ಬೆಂಚಿನ ಮೂವರು ಅವಳಿಗೆ ಆ ನಟಿಯ ಹೆಸರಿಟ್ಟಿದ್ದರು. ಹಾಜರಿ ಕೂಗುವಾಗಲೂ ಅವರು ನಗುತ್ತಿದ್ದರು. ದೀಪಾವಳಿ ರಜೆ ಮುಗಿದ ಮೇಲೆ ಬಾಗಿಲಲ್ಲಿ ನಿಂತು, “ಅಕ್ಕೋರ, ನಾ ಇನ್ನ ಸಾಲಿಗಿ ಬರಂಗಿಲ್ರೀ” ಅಂದಳು.

ಆ ಹುಡುಗರನ್ನು ನಾನು ಒಂದು ದಿನವೂ ಎದ್ದು ನಿಲ್ಲಿಸಿ ಕೇಳಿರಲಿಲ್ಲ. ಅವಳಿಗೆ ಮಾತ್ರ, ಓಢಣಿ ಸರಿಯಾಗಿ ಹೊದ್ದುಕೊಂಡು ಬಾ ಎಂದು ಎರಡು ಸಲ ಹೇಳಿದ್ದೆ.