ಕಾನೂನು ಕನ್ನಡಿ: ವಿಚಾರಣೆಗೆ ಮುನ್ನವೇ ಬಿಡುಗಡೆ, ಯಾರಿಗೆ?



ವರದಕ್ಷಿಣೆ ಕಿರುಕುಳದ ದೂರಿನಲ್ಲಿ ಪತಿಯೊಬ್ಬನ ಹೆಸರಷ್ಟೇ ಇರುವುದು ವಿರಳ. ಅತ್ತೆ, ಮಾವ, ಮೈದುನ, ಮದುವೆಯಾಗಿ ದೂರದ ಊರಿನಲ್ಲಿ ಸಂಸಾರ ಹೂಡಿರುವ ನಾದಿನಿ, ಎಲ್ಲರೂ ಆರೋಪಿಗಳಾಗುವುದುಂಟು. ಪಂಚಮಿಗೋ ಜಾತ್ರೆಗೋ ತವರಿಗೆ ಬಂದು ಹೋಗುವ ಆ ನಾದಿನಿ ವಾಯಿದೆಗೊಮ್ಮೆ ಕೈಗೂಸನ್ನೆತ್ತಿಕೊಂಡು ನ್ಯಾಯಾಲಯಕ್ಕೆ ಅಲೆಯಬೇಕಾಗುತ್ತದೆ. ವಿಚಾರಣೆ ಮುಗಿಯುವವರೆಗೆ ಕಾಯದೆ ಇಂಥವರು ಪಾರಾಗುವ ಮಾರ್ಗವುಂಟೆ? ಉಂಟು. ಅದಕ್ಕೆ ಉನ್ಮೋಚನೆ ಎಂದು ಹೆಸರು. ಕೋರ್ಟಿನ ಪಡಸಾಲೆಯ ಮಾತಿನಲ್ಲಿ 'ಡಿಸ್ಚಾರ್ಜ್'.

ಪತಿ ಅಥವಾ ಆತನ ಬಂಧುಗಳು ವಿವಾಹಿತೆಯನ್ನು ಕ್ರೌರ್ಯಕ್ಕೆ ಗುರಿಪಡಿಸಿದರೆ 3 ವರ್ಷಗಳವರೆಗೆ ಸೆರೆವಾಸ ವಿಧಿಸುವ 498-ಎ ಕಲಮು 1983ರಲ್ಲಿ ದಂಡ ಸಂಹಿತೆಗೆ ಸೇರಿತು. 2024ರ ಜುಲೈ 1ರಿಂದೀಚಿನ ಕೃತ್ಯಗಳಿಗೆ ಭಾರತೀಯ ನ್ಯಾಯ ಸಂಹಿತೆಯ 85 ಮತ್ತು 86ನೆಯ ಕಲಮುಗಳು ಅನ್ವಯಿಸುತ್ತವೆ. ಪೊಲೀಸರು ದೋಷಾರೋಪ ಪಟ್ಟಿ ಸಲ್ಲಿಸಿದ ಮೇಲೆ, ಮ್ಯಾಜಿಸ್ಟ್ರೇಟರು ಆರೋಪ ಹೊರಿಸುವುದಕ್ಕೆ ಮುನ್ನ, ಉನ್ಮೋಚನೆ ಕೋರಬೇಕು. ಹಳೆಯ ದಂಡ ಪ್ರಕ್ರಿಯಾ ಸಂಹಿತೆಯಲ್ಲಿ ಇದು 239ನೆಯ ಕಲಮು. ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯಲ್ಲಿ 262ನೆಯದು. ಹೊಸ ಸಂಹಿತೆ ಗಡುವನ್ನೂ ಹಾಕಿದೆ: ದಾಖಲೆಗಳ ಪ್ರತಿಗಳನ್ನು ಕೊಟ್ಟ ದಿನದಿಂದ 60 ದಿನಗಳೊಳಗೆ ಅರ್ಜಿ ಸಲ್ಲಬೇಕು. ಪ್ರತಿಗಳನ್ನು ಪಡೆದು ಕಪಾಟಿನಲ್ಲಿಟ್ಟು ಮರೆಯುವವರು ಇದನ್ನು ಲಕ್ಷಿಸತಕ್ಕದ್ದು.

ಬಹುಪಾಲು ಕುಟುಂಬಗಳು ತಪ್ಪು ತಿಳಿಯುವುದು ಮುಂದಿನ ವಿಷಯದಲ್ಲಿ. ಮದುವೆಯ ಖರ್ಚಿನ ಲೆಕ್ಕ, ಸೊಸೆ ಹಿಂದೊಮ್ಮೆ ಬರೆದ ಅಕ್ಕರೆಯ ಪತ್ರ, ನೆರೆಹೊರೆಯವರ ಪ್ರಮಾಣಪತ್ರ ಮುಂತಾದವುಗಳ ಗಂಟು ಕಟ್ಟಿಕೊಂಡು ವಕೀಲರಲ್ಲಿಗೆ ಧಾವಿಸುತ್ತಾರೆ. ಸಾಮಾನ್ಯವಾಗಿ ಈ ಹಂತದಲ್ಲಿ ಅವು ಉಪಯೋಗಕ್ಕೆ ಬಾರವು. ಆರೋಪಿಯು ತರುವ ದಾಖಲೆಗಳನ್ನು ಆಗ ಪರಿಶೀಲಿಸಲಾಗದೆಂದು ದೇಬೇಂದ್ರನಾಥ ಪಾಢಿ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು 2004ರಲ್ಲಿಯೇ ತೀರ್ಪಿತ್ತಿದೆ. ಪೊಲೀಸರ ಕಾಗದಗಳೆಲ್ಲ ನಿಜವೆಂದೇ ಭಾವಿಸಿದರೂ ಈ ವ್ಯಕ್ತಿಯ ಮೇಲೆ ಬಲವಾದ ಸಂಶಯ ಹುಟ್ಟುತ್ತದೆಯೆ ಎಂಬುದಷ್ಟೇ ಅಲ್ಲಿನ ಪ್ರಶ್ನೆ. ಸತ್ಯಾಸತ್ಯದ ತೂಕ ಆಮೇಲಿನದು.

ಆದ್ದರಿಂದ ಓದಬೇಕಾದುದು ಸೊಸೆಯ ಹೇಳಿಕೆಯನ್ನು. "ಮನೆಯವರೆಲ್ಲ ಸೇರಿ ಹಿಂಸಿಸಿದರು" ಎಂಬುದರ ಹೊರತು ನಾದಿನಿಯ ಬಗೆಗೆ ದಿನ, ಸ್ಥಳ, ಕೃತ್ಯ ಯಾವುದೂ ಇಲ್ಲದಿದ್ದರೆ ಅರ್ಜಿಗೆ ಬಲವುಂಟು. ಗೀತಾ ಮೆಹ್ರೋತ್ರಾ (2012), ಕಹಕಶಾನ್ ಕೌಸರ್ (2022) ತೀರ್ಪುಗಳು ಮೊಕದ್ದಮೆಯನ್ನೇ ರದ್ದುಪಡಿಸುವ ಸಂದರ್ಭದವಾದರೂ, ಸಾರಾಸಗಟು ಆರೋಪದ ಮೇಲೆ ಬಂಧುಗಳನ್ನು ವಿಚಾರಣೆಗೆ ಎಳೆಯಲಾಗದೆಂಬ ಅವುಗಳ ತರ್ಕ ಇಲ್ಲಿಯೂ ನೆರವಾಗುತ್ತದೆ. ಅದೇ ಹೇಳಿಕೆಯಲ್ಲಿ "ದೀಪಾವಳಿಗೆ ಬಂದ ನಾದಿನಿ, ಬಂಗಾರ ತರಲಿಲ್ಲವೆಂದು ಕೂದಲು ಹಿಡಿದು ಹೊರದಬ್ಬಿದಳು" ಎಂದಿದ್ದರೆ, ಅದು ಸುಳ್ಳೇ ಆಗಿದ್ದರೂ ಸಾಕ್ಷಿಗಳ ಪಾಟೀಸವಾಲಿನಲ್ಲಿಯೇ ಬಯಲಾಗಬೇಕು.

ಪತಿಯೊಡನೆ ಎಲ್ಲರೂ ಒಂದೇ ಅರ್ಜಿಯಲ್ಲಿ ಸೇರಿಕೊಳ್ಳುವುದು ನನಗೆ ಸರಿತೋರುವುದಿಲ್ಲ. ಹೊಡೆದವನ ಬೆನ್ನಿಗೆ ನಿಂತ ನಿರಪರಾಧಿಯೂ ಅವನಂತೆಯೇ ಕಾಣುತ್ತಾನೆ. ಹೆಣ್ಣು ಕೊಟ್ಟವರಿಗೂ ಒಂದು ಮಾತು: ಸಿಟ್ಟಿನಲ್ಲಿ ಬೀಗರ ವಂಶಾವಳಿಯನ್ನೇ ದೂರಿಗಿಳಿಸಿದರೆ, ನಿಜವಾಗಿ ಪೆಟ್ಟು ತಿಂದ ಮಗಳ ಮಾತು ಹಗುರಾಗುತ್ತದೆ. ಯಾರು, ಎಂದು, ಏನು ಮಾಡಿದರೆಂದು ಬರೆಯಿಸಿರಿ. ಆಕೆಗೆ ಕೊಟ್ಟ ಒಡವೆಗಳ ಪಟ್ಟಿಯನ್ನೂ ಬರೆಯಿಸಿರಿ. ವರದಕ್ಷಿಣೆಯಾಗಿ ಬೇರೆಯವರ ಕೈಸೇರಿದ ಸೊತ್ತನ್ನು 3 ತಿಂಗಳೊಳಗೆ ವಧುವಿಗೆ ಒಪ್ಪಿಸಬೇಕೆಂದು 1961ರ ವರದಕ್ಷಿಣೆ ನಿಷೇಧ ಕಾಯಿದೆಯ 6ನೆಯ ಕಲಮು ವಿಧಿಸುತ್ತದೆ.

ಉನ್ಮೋಚನೆಯೆಂದರೆ ಖುಲಾಸೆಯಲ್ಲ. ಅದರ ವಿರುದ್ಧ ಮೇಲಿನ ನ್ಯಾಯಾಲಯಕ್ಕೆ ಪುನರೀಕ್ಷಣಾ ಅರ್ಜಿ ಹೋಗಬಹುದು. ಅರ್ಜಿ ವಜಾ ಆದವರಿಗೂ ಅದೇ ದಾರಿಯಿದೆ. ಅಲ್ಲಿಯವರೆಗೆ ದೂರದೂರಿನ ನಾದಿನಿ, ಖುದ್ದು ಹಾಜರಾತಿಯಿಂದ ವಿನಾಯಿತಿ ಬೇಡಿ ವಕೀಲರ ಮೂಲಕ ಪ್ರತ್ಯೇಕ ಅರ್ಜಿ ಹಾಕಿಕೊಳ್ಳಬಹುದು.