ಕಾರಿಗೆ ಕ್ಯಾಮೆರಾ ಇದೆ, ಲಾರಿಗೆ?

ಹಳೆಯ ಕಾರಿನಲ್ಲಿ ದೇಶ ಸುತ್ತಿ ಅದನ್ನು ಚಿತ್ರೀಕರಿಸುವುದು ಈಗ ದೊಡ್ಡ ಸಾಹಸ ಎನಿಸಿಕೊಂಡಿದೆ. ಬ್ರಿಟನ್ನಿನ ಸಾಕ್ಷ್ಯಚಿತ್ರ ನಿರ್ದೇಶಕ ಅಲೆಕ್ಸ್ ಬೆಸ್ಕೋಬಿ 2019ರಲ್ಲಿ 1955ರ ಲ್ಯಾಂಡ್ ರೋವರ್ ಒಂದನ್ನು ಸಿಂಗಾಪುರದಿಂದ ಲಂಡನ್‌ಗೆ 111 ದಿನಗಳಲ್ಲಿ ತಲುಪಿಸಿ ಚಿತ್ರ ಮಾಡಿದರು. ಅದೇ ಗಾಡಿ 1955-56ರಲ್ಲಿ ಆಕ್ಸ್‌ಫರ್ಡ್, ಕೇಂಬ್ರಿಜ್ ತರುಣರನ್ನು ಲಂಡನ್‌ನಿಂದ ಸಿಂಗಾಪುರಕ್ಕೆ ಒಯ್ದಿತ್ತು. ಅವರ ಶ್ರಮವನ್ನು ನಾವು ಹೀಗಳೆಯುವುದಿಲ್ಲ. ನಮ್ಮ ತಕರಾರು ಬೇರೆ. ಇಂಥ ಚಿತ್ರಗಳನ್ನು ಮೆಚ್ಚಿ ಅನುಕರಿಸಲು ಹೊರಟ ನಮ್ಮವರಿಗೆ ರಸ್ತೆಯೆಂದರೆ ಕಾರಿನ ಹಿಂದೆ ಸರಿಯುವ ಹಸಿರು ಪರದೆ ಮಾತ್ರ.

ಅಂಕೋಲಾ-ಹುಬ್ಬಳ್ಳಿ ಹೆದ್ದಾರಿಯಲ್ಲಿ ಅಗಸೂರಿದೆ. ಘಟ್ಟದ ಮೇಲಿನ ತರಕಾರಿ ಕರಾವಳಿಗೆ ಇಳಿಯುವುದು, ಕರಾವಳಿಯ ಮೀನು ಘಟ್ಟ ಹತ್ತುವುದು ಇದೇ ದಾರಿಯಲ್ಲಿ. 2025ರ ಜನವರಿ 22ರ ನಸುಕಿನಲ್ಲಿ ಸವಣೂರಿನಿಂದ ಕುಮಟಾ ಸಂತೆಗೆ ಹೊರಟಿದ್ದ ಲಾರಿ ಇದೇ ಹೆದ್ದಾರಿಯಲ್ಲಿ, ಯಲ್ಲಾಪುರ ತಾಲೂಕಿನ ಗುಳ್ಳಾಪುರದ ಬಳಿ ಉರುಳಿತು. ಹಣ್ಣು, ತರಕಾರಿಯ ಮೂಟೆಗಳ ಜೊತೆಗೇ ಕುಳಿತಿದ್ದ ವ್ಯಾಪಾರಿಗಳಲ್ಲಿ 10 ಮಂದಿ ಸತ್ತರು. ಹೊಟ್ಟೆಪಾಡಿಗಾಗಿ ರಾತ್ರಿಯಿಡೀ ಹೀಗೆ ಘಟ್ಟ ಇಳಿಯುವುದು ಸಾಹಸವಲ್ಲವೇ? ಶವಗಳನ್ನು ತೋರಿಸಲು ಕ್ಯಾಮೆರಾಗಳು ಬಂದವು. ಅದಕ್ಕೆ ಮುಂಚೆ ಆ ಮೂಟೆಗಳ ಮೇಲೆ ಒಂದು ರಾತ್ರಿ ಕುಳಿತು ಬಂದ ಕ್ಯಾಮೆರಾ ಯಾವುದು?

ಕಾನೂನಿನ ನೋಟವೂ ಹೀಗೆಯೇ ಇದೆ. 2021ರ ನಿಯಮದಂತೆ 50 ವರ್ಷ ದಾಟಿದ ಕಾರು 'ವಿಂಟೇಜ್'. ಅದಕ್ಕೆ ಪ್ರತ್ಯೇಕ ನೋಂದಣಿ, ಪ್ರತ್ಯೇಕ ಮರ್ಯಾದೆ. 15 ವರ್ಷ ದಾಟಿದ ಲಾರಿಯ ಫಿಟ್‌ನೆಸ್ ಪತ್ರದ ಶುಲ್ಕವಾದರೋ 2022ರ ಏಪ್ರಿಲ್‌ನಲ್ಲಿ 12,500 ರೂಪಾಯಿಗೆ ಏರಿತು. ಲಡಕಾಸಿ ಗಾಡಿ ರಸ್ತೆಗಿಳಿಯಬಾರದು, ನಿಜ. ಆದರೆ ಹಳೆಯದು ಉಳ್ಳವನ ಶೆಡ್ಡಿನಲ್ಲಿ ಪರಂಪರೆ, ಇಲ್ಲದವನ ಕೈಯಲ್ಲಿ ಗುಜರಿ ಎಂಬ ಭೇದವನ್ನು ಕಲಾವಿದರೂ ಒಪ್ಪಿಕೊಂಡರೆ ಹೇಗೆ?

ಹದಿನಾಲ್ಕನೇ ಶತಮಾನದಲ್ಲಿ ಇದೇ ಜಿಲ್ಲೆಯ ಹೊನ್ನಾವರಕ್ಕೆ ಬಂದ ಇಬ್ನ್ ಬತೂತ, ಅಲ್ಲಿ ಹೆಣ್ಣುಮಕ್ಕಳಿಗೆ 13, ಗಂಡುಮಕ್ಕಳಿಗೆ 23 ಶಾಲೆಗಳಿದ್ದುದನ್ನೂ ಹೆಂಗಸರು ಕುರ್‌ಆನ್ ಕಂಠಪಾಠ ಮಾಡಿದ್ದುದನ್ನೂ ಬರೆದಿಟ್ಟರು. ಅವರು ಕಂಡ ಜನರಿಗಾಗಿಯೇ ಆ ಬರಹವನ್ನು ಇಂದಿಗೂ ಓದುತ್ತೇವೆ. ಭೂಮಿಯಲ್ಲಿ ಸಂಚರಿಸಿ ಕಣ್ತೆರೆದು ನೋಡಬೇಕೆಂಬುದು ಕುರ್‌ಆನಿನ ಬೋಧನೆಯೂ ಹೌದು.

ಹಳೆಯ ಕಾರಿನವರು ಧಾರಾಳವಾಗಿ ಬರಲಿ. ಅಗಸೂರಿನಲ್ಲಿ ಗಾಡಿ ನಿಲ್ಲಿಸಿ, ಕ್ಯಾಮೆರಾವನ್ನು ಲಾರಿಯ ಕ್ಯಾಬಿನ್ನಿನತ್ತ ತಿರುಗಿಸಲಿ. ಚಾಲಕನಿಗೆ ಎಷ್ಟು ಗಂಟೆ ನಿದ್ದೆ ಸಿಕ್ಕಿದೆ, ಮೂಟೆಯ ಮೇಲೆ ಕುಳಿತವನಿಗೆ ಸಂತೆಗೆ ಹೋಗಲು ಬೇರೆ ವಾಹನ ಏಕಿಲ್ಲ ಎಂದು ಕೇಳಲಿ. ಉತ್ತರ ಕೊಡಬೇಕಾದವರು ಬೆಂಗಳೂರಿನಲ್ಲಿದ್ದಾರೆ, ದಿಲ್ಲಿಯಲ್ಲಿದ್ದಾರೆ. ಆ ಚಿತ್ರವನ್ನು ಮೊದಲು ಅವರಿಗೇ ತೋರಿಸಬೇಕು.