ಡ್ರಮ್ಮಿನ ಮೇಲೆ ಏನು ಬರೆದಿದೆ?

ನಾನು ರಾಜಘಟ್ಟದ ಮಳೆಯಾಶ್ರಿತ ರೈತ. ರಾಗಿ, ಅವರೆ, ಒಂದಿಷ್ಟು ಹುರುಳಿ. ಕೃಷಿ ಪತ್ರಿಕೆಯಲ್ಲಿ ಕಾರ್ಖಾನೆ ಮಾತು ಯಾಕಪ್ಪಾ ಅಂತ ಓದುಗರು ಕೇಳಬಹುದು. ಮಳೆ ಕೈಕೊಟ್ಟ ವರ್ಷ ನಮ್ಮ ಮಕ್ಕಳು ಹೋಗೋದು ಬಾಶೆಟ್ಟಿಹಳ್ಳಿ ಕಡೆಗೇ ತಾನೆ?

ನನ್ನ ತಮ್ಮನ ಮಗ ಅಂಥ ಒಂದು ಕಾರ್ಖಾನೆಗೆ ಕಂಟ್ರಾಕ್ಟ್ ಮೇಲೆ ಹೋಗ್ತಾನೆ. ಡ್ರಮ್ಮಿನಿಂದ ಏನೋ ದ್ರವ ಸುರಿಯುವ ಕೆಲಸ. ಆರು ತಿಂಗಳಿಂದ ಕೆಮ್ಮು, ಅಂಗೈ ಚರ್ಮ ಸುಲೀತದೆ. "ಅದೇನು ಮದ್ದು ಕಣೋ?" ಅಂದೆ. "ಗೊತ್ತಿಲ್ಲ ದೊಡ್ಡಪ್ಪ, ಇಂಗ್ಲಿಷಿನಲ್ಲಿ ಬರೆದದೆ. ಕೇಳಿದ್ರೆ ನಾಳೆಯಿಂದ ಬರಬೇಡ ಅಂತಾರೆ."

ನಾವು ತರುವ ಕೀಟನಾಶಕದ ಡಬ್ಬದ ಮೇಲೆ ಕೆಂಪು, ಹಳದಿ, ನೀಲಿ, ಹಸಿರು ಗುರುತು ಇರುತ್ತದೆ. ಕೆಂಪು ಅಂದರೆ ಕಡುವಿಷ. ಅದನ್ನು ನೋಡಿಯೂ ಮೂಗಿಗೆ ಬಟ್ಟೆ ಕಟ್ಟದೆ ಹೊಡೆಯುವವರು ನಾವೇ, ಆ ತಪ್ಪು ನಮ್ಮದು. ಆದರೆ ಓದು ಬಾರದವನಿಗೂ ಬಣ್ಣ ಕಾಣುತ್ತದಲ್ಲ! ಈ ಹುಡುಗನಿಗೆ ಅದೂ ಇಲ್ಲ.

ಪಕ್ಕದ ಕೋಲಾರ ಚಿನ್ನದ ಗಣಿಯ ಕಥೆ ನೋಡಿ. ಕಲ್ಲಿನ ದೂಳು ಕುಡಿದು ಕುಡಿದು ಗಣಿಯವರ ಶ್ವಾಸಕೋಶ ಗಟ್ಟಿಯಾಗುತ್ತಿತ್ತು. 1940ರಲ್ಲಿ ಮೈಸೂರು ಸರ್ಕಾರ ಸಿಲಿಕೋಸಿಸ್ ನಿಯಮ ತಂದು, ಈ ಕಾಯಿಲೆ ಕಂಡರೆ ವರದಿ ಮಾಡಲೇಬೇಕು ಎಂದಿತು. ಮುಂದಿನ ಐದಾರು ವರ್ಷಗಳಲ್ಲಿ 7,000ಕ್ಕೂ ಹೆಚ್ಚು ಕೆಲಸಗಾರರನ್ನು ಪರೀಕ್ಷಿಸಿದಾಗ 100ಕ್ಕೆ 40ಕ್ಕೂ ಹೆಚ್ಚು ಮಂದಿಗೆ ಅದು ಅಂಟಿತ್ತು. ಎಣಿಸಿದ ಮೇಲೆ ತಾನೆ ಲೆಕ್ಕ ಸಿಕ್ಕಿದ್ದು? 2001ರಲ್ಲಿ ಗಣಿ ಮುಚ್ಚಿತು, ಎದೆಯೊಳಗಿನ ದೂಳು ಮುಚ್ಚಲಿಲ್ಲ.

1984ರ ಭೋಪಾಲ್ ದುರಂತದ ಮೇಲೆ 1987ರಲ್ಲಿ ಕಾರ್ಖಾನೆ ಕಾಯಿದೆ ತಿದ್ದಿದರು. ಅಪಾಯದ ಕೆಲಸವಾದರೆ ಅಪಾಯ ಏನೆಂದು ಕೆಲಸಗಾರನಿಗೆ ತಿಳಿಸಬೇಕು, ವರ್ಷಕ್ಕೊಮ್ಮೆ ತಪಾಸಣೆ ಮಾಡಿಸಬೇಕು ಎಂದಾಯಿತು. ಆ ಕಾಯಿದೆಯ ಜಾಗಕ್ಕೆ 2025ರ ನವೆಂಬರಿನಲ್ಲಿ ಹೊಸ ಸಂಹಿತೆ ಬಂದಿದೆ. ಕಾಗದ ಯಾವುದಾದರೇನು, ನಮ್ಮ ಹುಡುಗನ ರಕ್ತವನ್ನು ಇವತ್ತಿಗೂ ಯಾರೂ ನೋಡಿಲ್ಲ.

ಕಾರ್ಮಿಕ ಸಂಘದವರು ಧರಣಿ ಕೂತರೆ "ಅವರದು ಅವರಿಗೆ" ಅನ್ನೋದು ನಮ್ಮ ಚಾಳಿ. ದೊಡ್ಡತುಮಕೂರು, ಚಿಕ್ಕತುಮಕೂರು ಕೆರೆಗೆ ಕೊಳಕು ನೀರು ಬಂದ ಮೇಲೆ ಅಲ್ಲಿನ ರೈತರೇ ಬೀದಿಗಿಳಿದರು. ಒಳಗೆ ಕೆಲಸಗಾರನ ಕೈ ಸುಡುವುದೇ ಹೊರಗೆ ನಮ್ಮ ಕೆರೆಗೆ ಹರಿಯುವುದು. ಒಳಗಿನವನು ಕೇಳುವಾಗಲೇ ನಾವೂ ಹೋಗಿ ನಿಲ್ಲಬೇಕಿತ್ತು.

ಡ್ರಮ್ಮಿನ ಮೇಲಿನ ಹೆಸರನ್ನು ಒಂದು ಚೀಟಿಯಲ್ಲಿ ಬರೆದುಕೊಂಡು ಬಾ ಅಂತ ಹುಡುಗನಿಗೆ ಹೇಳಿದ್ದೇನೆ. ಹೆದರುತ್ತಾನೆ. ತಂದರೆ ಅದನ್ನು ಹಿಡಿದು ಡಾಕ್ಟರ ಹತ್ತಿರ ನಾನೇ ಕರಕೊಂಡು ಹೋಗ್ತೀನಿ.